ಹೊರಳಮ್ಮನಿಗೂ ಗೊತ್ತಿರಲಿಲ್ಲ

ಗಾಳಿ ತಿಂಗಳು, ಹುಣ್ಣಿಮೆಯ ಮಾರನೆಯ ದಿನ

ನಮ್ಮ ಮನೆಯ ಬಡಗಿಯವರಿಗೆ, ಹಗ್ಗ ಹೊಸೆದು ಹೊಸೆದು ಒರಟಾದ ಈ ಕೈಗಳ ನಮಸ್ಕಾರ.

ನಿಮ್ಮ ಪತ್ರ ತಲುಪಿತು. ಹೊರಳಮ್ಮನನ್ನು ಎರಡನೆಯ ಸಲ ಕೇಳಲು ಗುಡಿಯವರು ಒಪ್ಪಿದ್ದಾರೆ, ನಿನ್ನ ಒಪ್ಪಿಗೆಯೊಂದು ಬಾಕಿ, ಬೇಗ ಬರೆದು ಕಳಿಸು ಎಂದಿದ್ದೀರಿ. ಸುತ್ತಿಬಳಸಿ ಹೇಳುವುದು ನನಗೆ ಬರುವುದಿಲ್ಲ. ಕೊಡುವುದಿಲ್ಲ.

ಒಂದು ಮನೆಗೆ ಒಂದು ಪ್ರಶ್ನೆ, ಒಂದೇ ಸಲ. ಮತ್ತೆ ಕೇಳಬೇಕೆಂದರೆ ಕೇಳಿದವರು ಸಾಯುವವರೆಗೂ ಅವಳ ಗುಡಿಯಲ್ಲೇ ಉಳಿಯಬೇಕು. ಈ ಕಟ್ಟಳೆ ಗೊತ್ತಿದ್ದೇ ನೀವು ಆ ಬೆಟ್ಟ ಹತ್ತಿ ಕುಳಿತಿರಿ. ಎಲ್ಲ ಮಗಳಿಗಾಗಿ ಎಂದು ಬರೆದಿದ್ದೀರಿ. ಮಗಳಿಗಾಗಿ ಮಗಳನ್ನೇ ಬಿಡುವ ಈ ಲೆಕ್ಕ ನನ್ನ ತಲೆಗೆ ಹತ್ತುವುದಿಲ್ಲ.

ಮೊದಲ ಸಲ ಕೇಳಿದ ದಿನ ನಾನೂ ನಿಮ್ಮ ಪಕ್ಕದಲ್ಲೇ ನಿಂತಿದ್ದೆ. ಜ್ವರ ಇಳಿದರೂ ಮಗಳ, ನಮ್ಮ ಮೆಣಸಿನ, ಕಾಲುಗಳಿಗೆ ಶಕ್ತಿ ಬಂದಿರಲಿಲ್ಲ. ಅವಳನ್ನು ಹೊತ್ತುಕೊಂಡು ಹೋಗಿದ್ದೆವು. ಮಗು ಮತ್ತೆ ನಡೆಯುತ್ತಾಳೋ ಇಲ್ಲವೋ ಎಂದು ನೀವು ಕೇಳಿದಿರಿ. ಬಿಳಿ ಬಿದ್ದರೆ ಹೌದು, ಕಪ್ಪು ಬಿದ್ದರೆ ಇಲ್ಲ. ಪೂಜಾರಿಣಿ ಆ ಎರಡು ಬಣ್ಣದ ಬಿಲ್ಲೆಯನ್ನು ಮೇಲಕ್ಕೆ ಚಿಮ್ಮಿದಳು. ಹೊರಳಮ್ಮ ಮನಸ್ಸು ಮಾಡುವವರೆಗೆ ಅದು ಕೆಳಗೆ ಬೀಳುವುದಿಲ್ಲವಲ್ಲ, ಗಾಳಿಯಲ್ಲೇ ನಿಂತಿತು. ನಮಗಿಂತ ಮುಂಚೆ ಬಂದವರಿಗೆಲ್ಲ ರೆಪ್ಪೆ ಮಿಟುಕಿಸುವಷ್ಟರಲ್ಲಿ ಉತ್ತರ ಸಿಕ್ಕಿತ್ತು. ನಮ್ಮದು ಮಾತ್ರ ತಿರುಗುತ್ತಲೇ ಇತ್ತು. ಪೂಜಾರಿಣಿ ಕತ್ತು ನೋಯುತ್ತದೆಂದು ನೆಲದ ಮೇಲೆ ಕುಳಿತಳು. ಮೆಣಸು ನಿಮ್ಮ ಹೆಗಲ ಮೇಲೆ ನಿದ್ದೆ ಹೋದಳು. ಕೊನೆಗೆ ಕಪ್ಪು ಬಿತ್ತು.

ನೀವು ಕಪ್ಪನ್ನು ನೋಡಿದಿರಿ. ನಾನು ಅವಳು ಯೋಚಿಸಿದ ಹೊತ್ತನ್ನು ನೋಡಿದೆ. ಅಷ್ಟು ಯೋಚಿಸಿದಳೆಂದರೆ ಅವಳಿಗೂ ಗೊತ್ತಿರಲಿಲ್ಲ, ರೀ. ಸಾಕಾಗಿ ಕೈಬಿಟ್ಟಳು.

ಇದನ್ನು ಆಗಲೇ ಹೇಳಹೊರಟರೆ ನೀವು ಕಿವಿಗೆ ಹಾಕಿಕೊಳ್ಳಲಿಲ್ಲ. ಅರ್ಧ ಕೆತ್ತಿದ್ದ ಊರುಗೋಲನ್ನು ಮೂಲೆಗೆ ಒರಗಿಸಿ, ಬಟ್ಟೆ ಗಂಟು ಕಟ್ಟಿಕೊಂಡು ಹೊರಟುಬಿಟ್ಟಿರಿ. ಉಳಿದರ್ಧವನ್ನು ತರಕಾರಿ ಹೆಚ್ಚುವ ಚಾಕುವಿನಲ್ಲಿ ನಾನೇ ಕೆತ್ತಿದೆ. ಕೆಳಗಿನರ್ಧ ಬಡಗಿಯದು, ಮೇಲಿನರ್ಧ ಬಡಗಿಯ ಹೆಂಡತಿಯದು ಎಂದು ಕಣ್ಣಿಲ್ಲದವರೂ ಹೇಳಬಲ್ಲರು.

ಆಮೇಲೆ ನಾನು ಹಗ್ಗ ಹೊಸೆಯುವ ಶೆಡ್ಡಿನಿಂದ ಹಡಗಿನ ಹಳೆಯ ಹಗ್ಗವೊಂದನ್ನು ತಂದು ಮಂಚದಿಂದ ಅಡುಗೆಮನೆಯವರೆಗೆ ಮೆಣಸಿನ ಸೊಂಟದ ಎತ್ತರಕ್ಕೆ ಬಿಗಿದೆ. ಹಸಿವಾದರೆ ಹಗ್ಗ ಹಿಡಿದು ಬಾ ಎಂದೆ. ಅತ್ತೆ ಮನೆಯನ್ನೇ ತಲೆಯ ಮೇಲೆ ಹೊತ್ತುಕೊಂಡರು. "ದೇವ್ರೇ ಆಗಲ್ಲ ಅಂದ್ಮೇಲೆ ಆ ಮಗೂನ ಯಾಕೆ ಗೋಳು ಹುಯ್ಕೊಳ್ತೀಯ? ನಿನ್ನೆದೆ ಏನು ಕಲ್ಲಾ?" ಎಂದರು. ಕಲ್ಲೇ ಎಂದುಕೊಂಡು ಒಲೆಯ ಮುಂದೆ ನಿಂತಿದ್ದೆ. ಬೆನ್ನ ಹಿಂದೆ ಧೊಪ್ಪೆಂದು ಸದ್ದಾದರೂ ತಿರುಗಲಿಲ್ಲ. ಅವಳ ತುಟಿ ಒಡೆದ ದಿನ ಮಾತ್ರ ಶೆಡ್ಡಿಗೆ ಹೋಗಿ ನಾರಿನ ರಾಶಿಯಲ್ಲಿ ಮುಖ ಹುದುಗಿಸಿ ಅತ್ತುಬಿಟ್ಟೆ. ಸಂಜೆ ಮನೆಗೆ ಬಂದರೆ ನಿಮ್ಮ ಅಮ್ಮ ನೆಲದ ಮೇಲೆ ಕುಳಿತು, ಮಗುವಿನ ಅಂಗೈ ತರಚದಿರಲೆಂದು ತಮ್ಮ ಹಳೆಯ ಸೀರೆ ಹರಿದು ಹಗ್ಗದ ಉದ್ದಕ್ಕೂ ಸುತ್ತುತ್ತಿದ್ದರು. ನನ್ನನ್ನು ಕಂಡು, "ನೋಡ್ತಾ ನಿಲ್ಬೇಡ, ಆ ತುದಿ ಹಿಡ್ಕೋ" ಎಂದರು.

ಮೆಣಸಿನದು ಬೇರೆಯದೇ ಭಯ. ಒಂದು ಮಧ್ಯಾಹ್ನ ಹಗ್ಗ ಹಿಡಿದು ನಿಂತವಳು ಮುಂದೆ ಬರಲೇ ಇಲ್ಲ. "ಅಮ್ಮಾ, ಹೊರಳಮ್ಮ ಆಗಲ್ಲ ಅಂದಿದ್ದಾಳಲ್ಲ, ನಾನು ನಡೆದ್ರೆ ಅವಳಿಗೆ ಕೋಪ ಬರಲ್ವಾ?" ಎಂದಳು.

"ಬಂದ್ರೆ ನನ್ನ ಹತ್ರ ಕಳಿಸು. ಅವಳಿಗೆ ತಿರುಗ್ಸೋದು ಗೊತ್ತು, ನನಗೆ ಹೊಸೆಯೋದು ಗೊತ್ತು. ಇಬ್ರೂ ಕೂತು ಮಾತಾಡ್ಕೊಳ್ತೀವಿ."

ಅವಳು ನಕ್ಕಳು. ಜ್ವರ ಬಂದ ಮೇಲೆ ಅವಳು ಹಾಗೆ ಹೊಟ್ಟೆ ಹಿಡಿದುಕೊಂಡು ನಕ್ಕದ್ದು ಅದೇ ಮೊದಲು. ನಗುತ್ತಲೇ ಬಿದ್ದಳು, ನಗುತ್ತಲೇ ಎದ್ದಳು.

ಆಮೇಲೆ ಅವಳನ್ನು ಕೆಲಸಕ್ಕೂ ಕರೆದೊಯ್ಯತೊಡಗಿದೆ. ನಮ್ಮ ಶೆಡ್ಡು ಎಷ್ಟು ಉದ್ದ ಎನ್ನುವುದು ನಿಮಗೆ ಗೊತ್ತು. ಹುರಿ ಹೊಸೆಯುವವರು ಸೊಂಟಕ್ಕೆ ನಾರು ಸುತ್ತಿಕೊಂಡು ಹಿಂದೆ ಹಿಂದೆ ಹೆಜ್ಜೆ ಇಡುತ್ತಾ ಹೋಗಬೇಕು. ನಾನು ಹಿಂದೆ ಹಿಂದೆ, ಅವಳು ಒಂದು ಕೈಯಲ್ಲಿ ಊರುಗೋಲು, ಒಂದು ಕೈಯಲ್ಲಿ ಗೋಡೆ ಹಿಡಿದು ನನ್ನ ಮುಖವನ್ನೇ ನೋಡುತ್ತಾ ಮುಂದೆ ಮುಂದೆ. ಮೊದಲು ಒಂದು ಕಂಬದವರೆಗೆ ಬಂದಳು. ಎಡಗಾಲು ಇಂದಿಗೂ ಎಳೆಯುತ್ತದೆ. ಎಳೆಯಲಿ, ಅದು ಅವಳ ನಡಿಗೆ.

ಈಗ ನೀವು ಮತ್ತೆ ಬಿಲ್ಲೆ ಚಿಮ್ಮಿಸಿ ಅದು ಮತ್ತೆ ಕಪ್ಪಾದರೆ, ಆ ಸುದ್ದಿ ಅವಳ ಕಿವಿಗೆ ಬೀಳದಂತೆ ನಾನು ಯಾವ ಬಾಗಿಲು ಹಾಕಲಿ? ಬಿಳಿಯಾದರೆ ಅದಕ್ಕಿಂತ ಕಷ್ಟ. ಅವಳು ಸುರಿಸಿದ ಬೆವರೆಲ್ಲ ಹೊರಳಮ್ಮನ ಕೃಪೆಯಾಗಿಬಿಡುತ್ತದೆ. ಅವಳ ಅಪ್ಪನೂ ಆ ಕೃಪೆಗೆ ಬೆಲೆಯಾಗಿ ಬೆಟ್ಟದ ಮೇಲೇ ಉಳಿಯುತ್ತಾನೆ. ಎರಡೂ ನನಗೆ ಬೇಡ.

ನಿಮ್ಮ ಮೇಲೆ ಸಿಟ್ಟಿಲ್ಲವೆಂದರೆ ಸುಳ್ಳಾದೀತು. ಆದರೆ ನೀವು ಹೇಡಿಯಲ್ಲ, ಅದೂ ಗೊತ್ತು. ಮಗಳ ಕಾಲಿಗೆ ನಿಮ್ಮ ಇಡೀ ಬದುಕನ್ನು ಒತ್ತೆ ಇಡಲು ಹೊರಟವರು. ಅಷ್ಟು ದೊಡ್ಡದನ್ನು ಯಾರೂ ಕೇಳಿರಲಿಲ್ಲ, ರೀ. ಕೈ ಹಿಡಿದು ಪಕ್ಕದಲ್ಲಿ ನಡೆಯುವವರೊಬ್ಬರು ಬೇಕಿತ್ತು, ಅಷ್ಟೇ. ಮಂಚದ ನಿಮ್ಮ ಬದಿಯಲ್ಲಿ ಈಗ ನಾರಿನ ಮೂಟೆ ಮಲಗುತ್ತದೆ. ಅದು ಗೊರಕೆ ಹೊಡೆಯುವುದಿಲ್ಲ, ಬೇರೆ ಲಾಭವೇನೂ ಕಾಣೆ.

ಮೆಣಸು ಈಗ ಎಷ್ಟು ಮಟ್ಟಿಗೆ ನಡೆಯುತ್ತಾಳೆ ಎಂದು ನಿಮ್ಮ ಮನಸ್ಸು ಕೇಳುತ್ತಿರುತ್ತದೆ. ಅದನ್ನು ನಾನು ಬರೆಯುವುದಿಲ್ಲ. ಅಪ್ಪನಾದವನು ಕಣ್ಣಾರೆ ನೋಡಬೇಕಾದದ್ದು ಅದು. ಗುಡಿಯವರಿಗೆ ಹೇಳಿ, ನನ್ನ ಹೆಂಡತಿ ಒಪ್ಪಲಿಲ್ಲ, ಮುಂದೆಯೂ ಒಪ್ಪುವವಳಲ್ಲ ಎಂದು. ಉಳಿಯನ್ನು ಒರೆಸಿಟ್ಟುಕೊಂಡು ಮನೆಗೆ ಬನ್ನಿ.

ಇಂತಿ,
ಒಪ್ಪದೆ ಕಾದಿರುವ
ನಿಮ್ಮ ಮನೆಯಾಕೆ

ಮರೆತ ಮಾತು: ಇಷ್ಟನ್ನು ಮನೆಯಲ್ಲಿ ಬರೆದದ್ದು. ಇದನ್ನು ಬೆಟ್ಟದ ಬುಡದಲ್ಲಿ, ಗಾಡಿಯ ನೆರಳಿನಲ್ಲಿ ಕುಳಿತು ಬರೆಯುತ್ತಿದ್ದೇನೆ. ಪತ್ರವನ್ನು ಅಂಚೆಗೆ ಹಾಕಲು ಮೆಣಸು ಬಿಡಲಿಲ್ಲ, ತಾನೇ ಕೊಡುತ್ತೇನೆ ಎಂದಳು. ಎತ್ತಿಕೊಳ್ಳುತ್ತೇನೆಂದರೆ ಊರುಗೋಲು ತೋರಿಸಿ ಹೆದರಿಸಿದಳು. ಜೊತೆಗೆ ಬರುತ್ತೇನೆಂದರೆ "ನೀನಿಲ್ಲೇ ಇರು, ಇದು ನಂಗೂ ಅಪ್ಪಂಗೂ ಸಂಬಂಧಪಟ್ಟಿದ್ದು" ಎಂದಳು. ಮೆಟ್ಟಿಲುಗಳು ಕಡಿದಾಗಿವೆ, ನಡುವೆ ನೆರಳೂ ಇಲ್ಲ. ಆಗುತ್ತದೋ ಇಲ್ಲವೋ ಎಂದು ನಾನು ಯಾರನ್ನೂ ಕೇಳಲಿಲ್ಲ. ನೀವು ಇದನ್ನು ಓದುತ್ತಿದ್ದೀರಿ ಎಂದರೆ ಅವಳು ತಲುಪಿದ್ದಾಳೆ. ಮೊದಲು ಕುಡಿಯಲು ನೀರು ಕೊಡಿ.