ಶಾಸಕರ ಕಾರ್ಖಾನೆಗೆ ಬಿದ್ದ ಬೀಗ

ಅಣ್ಣನಿಗೆ ನಮಸ್ಕಾರ, ಸದ್ಯಕ್ಕೆ ಅಷ್ಟು ಸಾಕು.

ಹೊಳೆಗೆ ಕೊಳಕು ನೀರು ಬಿಡುವ ಕಾರ್ಖಾನೆಗಳನ್ನು ಮುಚ್ಚಿಸಿ ಎಂದು ವಿಧಾನಸಭೆಯಲ್ಲಿ ಮೇಜು ಕುಟ್ಟಿದವನು ನೀನೇ. ಕಾನೂನು ಬಂತು. ಬಟ್ಟೆಗೆ ಬಣ್ಣ ಹಾಕುವ ನಮ್ಮ ಕಾರ್ಖಾನೆಗೂ ಬೀಗ ಬಿತ್ತು. ನೀನು ಶಾಸಕನಾದ ಮೇಲೆ ಅದನ್ನು ನಡೆಸಿದವಳು ನಾನು. ನೀರು ಶುದ್ಧಮಾಡುವ ತೊಟ್ಟಿ ಕಟ್ಟಿಸು ಎಂದು ಬಡಕೊಂಡವಳೂ ನಾನೇ. "ನೋಡೋಣ ಬಿಡೇ" ಅಂದೆ ನೀನು.

ನಿನ್ನೆ ಅಧಿಕಾರಿ ಬೀಗ ತೆಗೆಯಲು ಬಂದರು. "ಸಾಹೇಬ್ರು ಫೋನ್ ಮಾಡಿದ್ರು, ಮೇಡಂ." ನಮ್ಮ ಹಾಗೇ ಬೀಗ ಬಿದ್ದ ಅಕ್ಕಪಕ್ಕದ ಕಾರ್ಖಾನೆಗಳವರೆಲ್ಲ ನಿಂತು ನೋಡುತ್ತಿದ್ದರು. ನಾಚಿಕೆಯಿಂದ ನನಗೆ ತಲೆ ಎತ್ತಲಾಗಲಿಲ್ಲ.

"ತೆಗೀಬೇಡಿ" ಎಂದು ವಾಪಸ್ ಕಳಿಸಿದೆ.

ಇನ್ನು ಫೋನ್ ಬೇಡ. ತೊಟ್ಟಿ ಕಟ್ಟುವವರನ್ನು ಕರೆದುಕೊಂಡು ನೀನೇ ಬಾ. ಭಾಷಣ ಅಲ್ಲೇ ಬಿಟ್ಟು ಬಾ. ಊಟಕ್ಕೆ ಕಾಯುತ್ತೇನೆ.

ನಿನ್ನ ತಂಗಿ