ಅಜ್ಜಿ ಹೆಣೆದ ಮೊಲೆ

ಅಕುರೆರಿ
ಮಾರ್ಚ್ 9, ಭಾನುವಾರ

ಪ್ರೀತಿಯ ಅಜ್ಜಿ,

ನಿನ್ನ ಎರಡು ಕಾಗದ ಬಂದವು, ಒಣಮೀನಿನ ಪೊಟ್ಟಣವೂ ಬಂತು. ಮೀನು ಎರಡೇ ದಿನದಲ್ಲಿ ಖಾಲಿಯಾಯಿತು, ಉತ್ತರಕ್ಕೆ ಮಾತ್ರ ಆರು ವಾರ ಬೇಕಾಯಿತು. ಕೆಲಸ ಜಾಸ್ತಿ ಇತ್ತು ಎಂದು ಬರೆಯಬಹುದಿತ್ತು, ಆದರೆ ಅದು ಸುಳ್ಳು. ಅಮ್ಮನ ತಪಾಸಣೆ ಮುಗಿಯುವವರೆಗೆ ಪೆನ್ನು ಹಿಡಿಯಲು ಹೆದರಿಕೆಯಾಗಿತ್ತು, ಅಷ್ಟೆ. ಫೋನಿನಲ್ಲಿ ಹೇಳೋಣವೆಂದರೆ ನಿನಗೆ ಕಿವಿ ಕೇಳುವುದಿಲ್ಲ. ಇದು ಕಿರುಚಿ ಹೇಳುವ ವಿಷಯವೂ ಅಲ್ಲ.

ಗುರುವಾರ ಫಲಿತಾಂಶ ಬಂತು. ಡಾಕ್ಟರಮ್ಮ ಕಾಗದ ಪೂರ್ತಿ ಓದಿ, ಕನ್ನಡಕ ತೆಗೆದು, "ಏನೂ ಇಲ್ಲ ಸ್ಟೇನುನ್. ಇನ್ನೊಂದು ವರ್ಷ ನನ್ನ ಮುಖ ನೋಡೋ ಕಷ್ಟ ನಿನಗಿಲ್ಲ" ಎಂದರು. ಅಮ್ಮ ಅತ್ತಳು. ನಾನು ಎದ್ದು ಹೊರಗೆ ಓಡಿದೆ. ಖುಷಿಗೆ ಓಡಿದಳು ಎಂದು ಅಮ್ಮ ಅಂದುಕೊಂಡಳು.

ಇನ್ನು ನಿನ್ನೆಯ ಕಥೆ. ನೀನು ಬೇಜಾರು ಮಾಡಿಕೊಳ್ಳಬಾರದು, ಯಾಕೆಂದರೆ ಇದರಲ್ಲಿ ನಿನ್ನ ಕೈವಾಡವೂ ಇದೆ.

ಇಪ್ಪತ್ತು ವರ್ಷ ಒಂದು ಬೆಳಗ್ಗೆಯನ್ನೂ ತಪ್ಪಿಸದೆ ಈಜುಕೊಳಕ್ಕೆ ಹೋಗುತ್ತಿದ್ದ ಅಮ್ಮ, ಬಲಮೊಲೆ ತೆಗೆದ ಆಪರೇಷನ್ ಆದಮೇಲೆ ಅತ್ತ ಕಾಲಿಟ್ಟಿರಲಿಲ್ಲ. ಹನ್ನೊಂದು ತಿಂಗಳು. ಮನೆಯಲ್ಲೂ ಚಿಲಕ ಹಾಕಿಕೊಂಡೇ ಸ್ನಾನ. ನನಗೂ ಆ ಗಾಯ ತೋರಿಸಿರಲಿಲ್ಲ. ಮಾತು ಕಡಿಮೆಯಾಯಿತು, ಸ್ನೇಹಿತೆಯರು ದೂರವಾದರು, ಸಂಜೆ ಸುಮ್ಮನೆ ಕಿಟಕಿಯ ಹತ್ತಿರ ಕೂತಿರುತ್ತಿದ್ದಳು. ಕಾಯಿಲೆ ಹೋದರೂ ನನ್ನ ಅಮ್ಮ ವಾಪಸ್ ಬರುವುದಿಲ್ಲವೇನೋ ಎಂದು ನನಗೆ ನಿಜಕ್ಕೂ ಭಯವಾಗಿತ್ತು. "ತಪಾಸಣೆ ಸರಿ ಬಂದ್ರೆ ನೀರಿಗೆ ಬರ್ತೀನಿ" ಎಂದು ಕ್ರಿಸ್‌ಮಸ್ಸಿನಲ್ಲಿ ಒಮ್ಮೆ ಬಾಯಿಬಿಟ್ಟಿದ್ದಳು. ನಾನು ಅದನ್ನೇ ಹಿಡಿದುಕೊಂಡಿದ್ದೆ.

ಶಾಲೆ ಬಿಟ್ಟ ಮೇಲೆ ನನಗೆ ಸಿಕ್ಕಿದ ಮೂರನೇ ಕೆಲಸ ಇದು ಎಂದು ನಿನಗೆ ಗೊತ್ತು. ಕೊಳದ ಹೆಂಗಸರ ಸ್ನಾನದ ಮನೆಯಲ್ಲಿ ನಿಂತು, "ಮೊದಲು ಪೂರ್ತಿ ಬಿಚ್ಚಿ ಸೋಪು ಹಚ್ಚಿ ತೊಳ್ಕೊಳ್ಳಿ, ಆಮೇಲೆ ಈಜುಡುಪು" ಎಂದು ಪ್ರವಾಸಿಗರಿಗೆ ದಿನಕ್ಕೆ ಮೂವತ್ತು ಸಲ ಹೇಳುವುದು. ನಿನ್ನೆ ಬೆಳಗ್ಗೆ ಅಮ್ಮ ಬಂದಳು. ಮನೆಯಿಂದಲೇ ಈಜುಡುಪು ತೊಟ್ಟು, ಅದರ ಬಲಗಡೆ ನೀನು ಹೆಣೆದು ಕಳಿಸಿದ ಉಣ್ಣೆಯ ಮೊಲೆ ತುರುಕಿ, ಟವೆಲ್ ಹೊದ್ದು, ತಲೆ ತಗ್ಗಿಸಿ ಶವರುಗಳನ್ನು ದಾಟಿಯೇ ಬಿಟ್ಟಿದ್ದಳು.

"ಅಮ್ಮಾ, ನಿಲ್ಲು."

"ಮನೇಲೇ ತೊಳ್ಕೊಂಡು ಬಂದಿದೀನಿ ಕಣೇ."

"ಪ್ರವಾಸಿಗರೂ ಹಾಗೇ ಹೇಳ್ತಾರೆ."

"ನಾನು ಪ್ರವಾಸಿನಾ? ನಿನ್ನನ್ನ ಹೊಟ್ಟೇಲಿಟ್ಕೊಂಡು ಇದೇ ಕೊಳದಲ್ಲಿ ಈಜಿದೋಳು ನಾನು!"

"ಹಾಗಾದ್ರೆ ನಿಯಮ ನನಗಿಂತ ಚೆನ್ನಾಗಿ ಗೊತ್ತಿರತ್ತೆ. ಬಿಚ್ಚು."

ಬಿಟ್ಟುಬಿಡಬಹುದಿತ್ತು ಅಜ್ಜಿ. ಯಾರೂ ಕೇಳುತ್ತಿರಲಿಲ್ಲ. ಅವಳ ಒಳ್ಳೆಯದಕ್ಕೆ ತಡೆದೆ ಎಂದು ಬರೆದರೆ ಚೆಂದವಾಗಿರುತ್ತದೆ, ಆದರೆ ಹಾಗೇನೂ ಯೋಚಿಸಿರಲಿಲ್ಲ. ನೋಡಿಯೂ ನೋಡದ ಹಾಗೆ ನಿಲ್ಲಲು ನನಗೆ ಆಗಲಿಲ್ಲ.

ಅಮ್ಮ ಕೆಂಪಾದಳು. "ರಾಕ್ಷಸಿ" ಎಂದು ಹಲ್ಲು ಕಚ್ಚಿ, ತಿರುಗಿ ಬಾಗಿಲ ಕಡೆಗೆ ನಡೆದಳು. ಅರ್ಧ ತೆಗೆದ ಬಾಗಿಲಿನ ಹಿಡಿಕೆಯ ಮೇಲೆ ಕೈ ಇತ್ತು. ಆಗ ಮೂಲೆಯ ಶವರಿನಿಂದ, ಬೇಕರಿಯ ಥೋರ್ಡಿಸ್ ಮುದುಕಿ ತಲೆ ತುಂಬ ಸೋಪಿನ ನೊರೆಯಲ್ಲಿ ಕೂಗಿದಳು: "ಏ ಸ್ಟೇನುನ್, ಹೋಗೋದಾದ್ರೆ ಹೋಗು, ಬರೋದಾದ್ರೆ ಬಾ. ಬಾಗಿಲು ತೆಕ್ಕೊಂಡು ನಿಂತ್ಕೋಬೇಡ, ಚಳಿ!"

"ನಿಮಗೇನು ಗೊತ್ತು ನನ್ನ ಕಷ್ಟ" ಎಂದಳು ಅಮ್ಮ.

ಥೋರ್ಡಿಸ್ ಕಣ್ಣಿನ ನೊರೆ ಒರೆಸಿಕೊಂಡು ನಮ್ಮ ಕಡೆ ತಿರುಗಿದಳು. ಅವಳ ಎದೆಯ ಎಡಗಡೆ ಹಲಗೆಯ ಹಾಗೆ ಸಪಾಟಾಗಿತ್ತು.

"ಒಂಬತ್ತು ವರ್ಷ ಆಯ್ತು" ಎಂದಳು. "ಒಂಬತ್ತು ವರ್ಷದಿಂದ ನಿನ್ನ ಪಕ್ಕದ ಶವರಲ್ಲೇ ನಿಂತಿದೀನಿ. ನನ್ನ ಹತ್ರ ಶಾಂಪೂ ಇಸ್ಕೊಂಡು ಇನ್ನೂ ವಾಪಸ್ ಕೊಟ್ಟಿಲ್ಲ ನೀನು."

"ನಾನು... ನಾನು ನೋಡೇ ಇಲ್ವಲ್ಲ!"

"ಯಾರು ನೋಡ್ತಾರೆ ಮಾರಾಯ್ತಿ? ಇಲ್ಲಿ ಎಲ್ರಿಗೂ ಅವರವರ ಹೊಟ್ಟೆ ಒಳಗೆಳ್ಕೊಳ್ಳೋದೇ ಚಿಂತೆ."

ಅಮ್ಮ ಬಾಗಿಲು ಮುಚ್ಚಿದಳು. ಆಮೇಲೆ ಬಂದು ನನ್ನ ಕೈಗೆ ಟವೆಲ್ ಕೊಟ್ಟಳು, ಅದರ ಮೇಲೆ ಉಣ್ಣೆಯ ಮೊಲೆ ಇಟ್ಟಳು, ಬಿಚ್ಚಿದಳು. ನಾನು ನೋಡಿದೆ. ಚೆಂದವಾಗಿರಲಿಲ್ಲ. ನಾನು ಮನಸ್ಸಿನಲ್ಲಿ ಮಾಡಿಕೊಂಡಿದ್ದಷ್ಟು ಭಯಂಕರವೂ ಆಗಿರಲಿಲ್ಲ. ಹೊಲಿಗೆ ಸ್ವಲ್ಪ ಸೊಟ್ಟಗಿದೆ, ಅಮ್ಮನೇ ಹೊಲಿದ ನಮ್ಮ ಅಡುಗೆಮನೆಯ ಪರದೆಯ ಹಾಗೆ.

ಇಲ್ಲಿಗೆ ಮುಗಿಯಬೇಕಿತ್ತು. ಆದರೆ ಈಜುಡುಪು ಹಾಕುವಾಗ, "ನಮ್ಮಮ್ಮ ಅಷ್ಟು ಪ್ರೀತಿಯಿಂದ ಹೆಣೆದಿದ್ದು" ಎಂದು ಅದನ್ನು ಮತ್ತೆ ಒಳಗೆ ತುರುಕಿಕೊಂಡಳು. ಅಜ್ಜಿ, ಅದು ನೀನು ಸ್ವೆಟರ್ ಹೆಣೆಯುವ ಉಣ್ಣೆ! ಹೊರಗೆ, ಗಂಡಸರೂ ಹೆಂಗಸರೂ ಸೇರುವ ಬಿಸಿನೀರಿನ ಪುಟ್ಟ ಕೊಳದಲ್ಲಿ ಕೂತು ಐದು ನಿಮಿಷ ಆಗಿರಲಿಲ್ಲ, ನೀರು ಕುಡಿದು ಕುಡಿದು ಆಗತಾನೆ ಹುಟ್ಟಿದ ಕುರಿಮರಿಯಷ್ಟು ಭಾರವಾಗಿ, ಜಾರಿ ಹೊಕ್ಕುಳಿಗೆ ಬಂದು ನಿಂತಿತು. ಎದುರಿಗೆ ಕೂತಿದ್ದ ಬ್ಯಾರ್ಕಿ, ಯಾವಾಗಲೂ ಮೀನುಗಾರಿಕೆಯ ರಾಜಕೀಯ ಬಿಟ್ಟರೆ ಬೇರೇನೂ ಮಾತಾಡದ ಮುದುಕ, ಮಂತ್ರಿಯನ್ನು ಬೈಯುತ್ತಿದ್ದವನು ಅರ್ಧಕ್ಕೇ ನಿಲ್ಲಿಸಿದ. ನಾನು ಬಾಗಿಲಲ್ಲಿ ನಿಂತು ನೋಡುತ್ತಿದ್ದೆ. ಅಮ್ಮ ಎದ್ದು ಓಡುತ್ತಾಳೆ, ಇನ್ನು ಜನ್ಮದಲ್ಲಿ ಬರುವುದಿಲ್ಲ ಎಂದುಕೊಂಡೆ.

ಅವಳು ಕೈ ಹಾಕಿ ಅದನ್ನು ಹೊರಗೆಳೆದು, ಹಿಂಡಿ, ಕೊಳದ ಅಂಚಿನ ಹಿಮದ ಮೇಲೆ ಇಟ್ಟಳು. ಅದರಿಂದ ಹಬೆ ಏಳುತ್ತಿತ್ತು.

ಬ್ಯಾರ್ಕಿ ಗಂಭೀರವಾಗಿ ಹೇಳಿದ: "ಅದನ್ನ ತೂಗುಹಾಕ್ಬೇಡ ಸ್ಟೇನುನ್. ಉಣ್ಣೆ, ಆಕಾರ ಕೆಡತ್ತೆ. ಟವೆಲ್ ಮೇಲೆ ಹರಡಿ ಒಣಗಿಸು."

ಅಮ್ಮ ನಕ್ಕಳು. ನಕ್ಕೂ ನಕ್ಕೂ ನೀರು ಕುಡಿದು ಕೆಮ್ಮಿದಳು, ಪಕ್ಕದಲ್ಲಿ ಕೂತಿದ್ದ ಥೋರ್ಡಿಸ್ ಅವಳ ಬೆನ್ನು ಗುದ್ದಬೇಕಾಯಿತು. ಹನ್ನೊಂದು ತಿಂಗಳ ಮೇಲೆ ಆ ನಗು ಕೇಳಿದೆ ಅಜ್ಜಿ. ಟೈಲ್ಸಿನ ಗೋಡೆಗೆ ಒರಗಿ ನಿಂತು ಕೇಳಿದೆ.

ಈಗ ಅದು ಅಡುಗೆಮನೆಯಲ್ಲಿ ಟವೆಲ್ ಮೇಲೆ ಒಣಗುತ್ತಿದೆ. ಗೊಂಬೆಯ ಟೋಪಿಯಷ್ಟಕ್ಕೆ ಕುಗ್ಗಿದೆ. ಇನ್ನೊಂದು ಹೆಣೆಯುವುದಾದರೆ ಹತ್ತಿಯ ದಾರದಲ್ಲಿ ಹೆಣೆ, ಉಣ್ಣೆ ಚುಚ್ಚುತ್ತದಂತೆ. ನಿನಗೆ ಹೇಳಬೇಡ ಎಂದಿದ್ದಳು ಅಮ್ಮ, ಹೇಳಿಬಿಟ್ಟೆ. ಥೋರ್ಡಿಸ್‌ಗೂ ಒಂದು ಬೇಕಂತೆ, ಬೂದು ಬಣ್ಣದ್ದು, ಎಡಗಡೆಗೆ.

ನಿನ್ನ ಮೊಣಕಾಲಿನ ನೋವು ವಸಂತ ಬರುವ ಮೊದಲೇ ಇಳಿಯಲಿ, ನಿನ್ನ ಕುರಿಗಳೆಲ್ಲ ಅವಳಿ ಮರಿ ಹಾಕಲಿ, ನೀನು ನೂರು ವರ್ಷ ನನ್ನನ್ನು ಬೈಯುತ್ತಿರು. ನನ್ನ ತಲೆಯ ಮೇಲೂ ನಿನ್ನ ಕೈ ಇರಲಿ. ನನಗೆ ಅದು ಬೇಕು.

ನಿನ್ನ
ಯೋರುನ್

ಬರೆಯದೆ ಕಾಗದ ಮಡಚಲಾಗದ ಇನ್ನೊಂದು ಮಾತು: ಅಮ್ಮನನ್ನು ನೋಡಿಕೊಳ್ಳಲು ನಾನು ಶಾಲೆ ಬಿಟ್ಟೆ ಎಂದು ಎಲ್ಲರೂ ಹೇಳುತ್ತಾರೆ, ನೀನೂ ಬರೆದಿದ್ದೀಯ. ಅಲ್ಲ. ಹೋದ ವರ್ಷ ಜನವರಿಯಲ್ಲಿ, ಶಾಲೆ ಬಿಡುವ ಕಾಗದಕ್ಕೆ ಸಹಿ ಹಾಕಲು ಕಳ್ಳತನದಿಂದ ಹೊರಟಿದ್ದ ಬೆಳಗ್ಗೆ, ಅಮ್ಮ ಬಚ್ಚಲಿನಿಂದ ಕರೆದಳು. "ಇಲ್ಲಿ ಮುಟ್ಟಿ ನೋಡೇ, ಏನಾದ್ರೂ ಸಿಗತ್ತಾ?" ಮುಟ್ಟಿದೆ. ಸಿಕ್ಕಿತು, ಒಣ ಬಟಾಣಿಯಷ್ಟು ಗಂಟು. ನಿಂತರೆ ನನ್ನ ಮುಖ ನೋಡಿ ಶಾಲೆಯ ಗುಟ್ಟು ಹಿಡಿದುಬಿಡುತ್ತಾಳೆ ಎಂದು ಹೆದರಿ, "ಏನೂ ಇಲ್ಲ" ಎಂದು ಬಸ್ಸಿಗೆ ಓಡಿದೆ. ಅವಳು ಎರಡು ತಿಂಗಳು ನನ್ನ ಮಾತು ನಂಬಿಕೊಂಡಿದ್ದಳು. ಆ ಎರಡು ತಿಂಗಳು ಏನು ಮಾಡಿತು ಎಂದು ಡಾಕ್ಟರಮ್ಮನನ್ನು ಕೇಳುವ ಧೈರ್ಯ ನನಗಿಲ್ಲ. ಹೇಳಲೋ ಬೇಡವೋ ಎಂದು ನಿನ್ನನ್ನೂ ಕೇಳುತ್ತಿಲ್ಲ. ಬುಧವಾರ ನನಗೆ ರಜೆ. ಅಮ್ಮನ ಜೊತೆ ಕೊಳಕ್ಕೆ ಹೋಗುತ್ತೇನೆ. ಅವಳ ಪಕ್ಕದ ಶವರಿನಲ್ಲಿ ನಿಂತು, ಈಜುಡುಪು ಹಾಕಿಕೊಳ್ಳುವ ಮೊದಲೇ ಹೇಳುತ್ತೇನೆ.