ಗಿಲ್‌ರಾಯ್ ಯಾರ ಊರು

ಗಿಲ್‌ರಾಯ್
ಕ್ಯಾಲಿಫೋರ್ನಿಯಾ
ಶನಿವಾರ, 14 ಸೆಪ್ಟೆಂಬರ್ 2024

ತಿರುಮಲೇಶ ಅವರಿಗೆ,

ಪದ್ಮಜಾಳ ನಮಸ್ಕಾರ. ಮೈಸೂರಿನಲ್ಲಿ ನೀವೂ ನಿಮ್ಮ ಅತ್ತಿಗೆಯವರೂ ಚೆನ್ನಾಗಿದ್ದೀರಿ ಎಂದುಕೊಂಡಿದ್ದೇನೆ. ಫೋನಿನಲ್ಲಿ ಮಾತು ಶುರುವಾದರೆ ಸ್ವಲ್ಪ ಹೊತ್ತಿಗೆ ನಾವಿಬ್ಬರೂ ವಕೀಲರಾಗಿಬಿಡುತ್ತೇವೆ. ಅದಕ್ಕೇ ಈ ಕಾಗದ.

ವಿಷಯ ಮೊದಲೇ ಹೇಳಿಬಿಡುತ್ತೇನೆ. ಗಿಲ್‌ರಾಯ್ ಮನೆಯ ಮಾರಾಟ ನಿಲ್ಲಿಸಿದ್ದೇನೆ. ಮನೆ ಇಬ್ಬರ ಹೆಸರಿನಲ್ಲಿದೆ, ನಿಮ್ಮನ್ನು ಕೇಳಬೇಕಿತ್ತು, ಕೇಳಲಿಲ್ಲ. ಹೇಗಾಯಿತೆಂದು ಓದಿ, ಆಮೇಲೆ ಸಿಟ್ಟು ಮಾಡಿಕೊಳ್ಳಿ.

ಜೂನ್‌ನಲ್ಲಿ ಬಾಡಿಗೆಯವರು ಮನೆ ಬಿಟ್ಟ ಮೇಲೆ ನಿಮ್ಮ ಮಗಳು ಭಾವನಾಳಿಗೆ ಫೋನ್ ಮಾಡಿ, ಗರಾಜಿನಲ್ಲಿ ನಿನ್ನ ಸಾಮಾನಿದೆ, ಬಂದು ತೆಗೆದುಕೊಂಡು ಹೋಗು ಎಂದೆ. ಅನುರಾಗ್ ಜೊತೆಗಿನ ನಿಶ್ಚಿತಾರ್ಥ ಮುರಿದ ಮೇಲೆ ಚಿಕಾಗೋದಲ್ಲಿ ಅವಳು ಹೇಗಿದ್ದಾಳೆಂದು ಕಣ್ಣಾರೆ ನೋಡಬೇಕೆಂಬ ಆಸೆಯೂ ಇತ್ತು. ಆಸ್ಪತ್ರೆಯ ಕೆಲಸಕ್ಕೆ ಒಂದು ವಾರ ರಜೆ ಹಾಕಿ ಬಂದಳು. ಬಹಳ ಇಳಿದುಹೋಗಿದ್ದಳು. ನಾನು ಬೆರ್ರಿಯೆಸಾದ ನನ್ನ ಅಪಾರ್ಟ್‌ಮೆಂಟಿನಿಂದ ಒಂದಷ್ಟು ಪಾತ್ರೆ, ಗಾಳಿ ತುಂಬುವ ಹಾಸಿಗೆ ತಂದು ಅವಳ ಜೊತೆ ಇಲ್ಲೇ ಉಳಿದೆ.

ಬರಿದಾದ ಹಾಲಿನಲ್ಲಿ ರಟ್ಟಿನ ಡಬ್ಬದ ಮೇಲೆ ಲ್ಯಾಪ್‌ಟಾಪ್ ಇಟ್ಟು ಅವಳು ಒಂದು ಕೊರಿಯನ್ ಸೀರಿಯಲ್ ಹಾಕಿದಳು. ಸೋಲ್ ನಗರದ ದೊಡ್ಡ ಹೋಟೆಲಿನಲ್ಲಿ ಅಡುಗೆಯ ಮುಖ್ಯಸ್ಥೆಯಾಗಿದ್ದ ಹುಡುಗಿ ಎಲ್ಲ ಬಿಟ್ಟು ಸಮುದ್ರದಂಡೆಯ ತನ್ನ ಊರಿಗೆ ಬರುತ್ತಾಳೆ. ಅಲ್ಲಿ ಚಿಕ್ಕಂದಿನ ಗೆಳೆಯ ದೋಣಿ ರಿಪೇರಿ ಮಾಡಿಕೊಂಡು, ಮದುವೆಯಾಗದೆ, ಇವಳಿಗೆಂದೇ ಇದ್ದ ಹಾಗಿರುತ್ತಾನೆ. ಇದೆಲ್ಲಿ ನಡೆಯುತ್ತದೆ ಎಂದು ನಾನು ನಕ್ಕೆ. ಮಾರನೆಯ ದಿನ, ಇನ್ನೊಂದು ಎಪಿಸೋಡು ಹಾಕು ಎಂದವಳೂ ನಾನೇ.

ಯಾಕೂಬ್ ಅವರ ಮಗ ಒವೈಸ್ ನಿಮಗೆ ನೆನಪಿರಬೇಕು. ಇವಳ ಜೊತೆ ಸ್ಕೂಲ್ ಬಸ್ಸಿನಲ್ಲಿ ಹೋಗುತ್ತಿದ್ದ. ಈಗ ಇಲ್ಲೇ ಕಾರ್ ರಿಪೇರಿಯ ಅಂಗಡಿ ಇಟ್ಟಿದ್ದಾನೆ. ಒಂದು ಬೆಳಿಗ್ಗೆ ಭಾವನಾ ಕಾಡಿಗೆ ಹಚ್ಚಿಕೊಂಡು, ಬ್ರೇಕು ಸದ್ದು ಮಾಡುತ್ತಿದೆ ಎಂದು ನನ್ನ ಕಾರು ತೆಗೆದುಕೊಂಡು ಹೋದಳು. ನನ್ನ ಕಾರಿನ ಬ್ರೇಕಿಗೆ ಏನೂ ಆಗಿರಲಿಲ್ಲ. ಒವೈಸ್ ಅದನ್ನೇ ಹೇಳಿದನಂತೆ. ಅಷ್ಟರಲ್ಲಿ ಅವನ ಹೆಂಡತಿ ತಹ್ರೀಮ್ ಊಟದ ಡಬ್ಬಿ ಹಿಡಿದು, ಅವಳಿ ಮಕ್ಕಳ ಜೊತೆ ಬಂದಳಂತೆ.

ಮನೆಗೆ ಬಂದು ಅಡುಗೆಮನೆಯಲ್ಲಿ ನಿಂತೇ ಎಲ್ಲ ಹೇಳಿದಳು. “ಟ್ವಿನ್ಸ್, ಅಮ್ಮ. ಒಂದಲ್ಲ, ಟ್ವಿನ್ಸ್,” ಎಂದಳು. ಇಬ್ಬರೂ ನಕ್ಕೆವು. ನಗುತ್ತಲೇ ಅವಳು ಅಳಲು ಶುರು ಮಾಡಿದಳು. ಅದು ಒವೈಸ್‌ಗಾಗಿ ಅಲ್ಲ ಎಂದು ನನಗೆ ಗೊತ್ತಿತ್ತು. ಅನುರಾಗ್ ಹೋದಾಗ ಅವಳು ಅತ್ತಿರಲೇ ಇಲ್ಲ.

ಆದರೆ ತಹ್ರೀಮ್ ಒಳ್ಳೆಯ ಹುಡುಗಿ. ಇವಳು ಫಿಸಿಯೋಥೆರಪಿಸ್ಟ್ ಎಂದು ತಿಳಿದದ್ದೇ, ತಾನು ಕೆಲಸ ಮಾಡುವ ಕ್ಲಿನಿಕ್ಕಿನಲ್ಲಿ ಒಬ್ಬರು ಬೇಕಾಗಿದ್ದಾರೆ ಎಂದಳಂತೆ. ಹೊಲಗಳಲ್ಲಿ ಬಗ್ಗಿ ಬೆಳ್ಳುಳ್ಳಿ ಕೀಳುವವರ ಸೊಂಟ, ಮಂಡಿಗಳೇ ಅಲ್ಲಿ ಹೆಚ್ಚು. ಭಾವನಾ ಸುಮ್ಮನೆ ನೋಡಿಬರುತ್ತೇನೆ ಎಂದು ಹೋದವಳು ಸಂಜೆಯವರೆಗೂ ಬರಲಿಲ್ಲ. ಬಂದವಳು ಎರಡು ತಟ್ಟೆ ಅನ್ನ ಸಾರು ತಿಂದಳು.

ಆ ಭಾನುವಾರ ಮನೆ ನೋಡಲು ಜನ ಬರುವವರಿದ್ದರು. ಬಂದವರಲ್ಲಿ ಒಂದು ದಂಪತಿಗೆ ತುಂಬ ಇಷ್ಟವಾಯಿತು. ಇವಳು ಅವರನ್ನು ಮೇಲೆ ಕರೆದುಕೊಂಡು ಹೋಗಿ, ಬೇಸಗೆಯಲ್ಲಿ ಈ ರೂಮು ಒಲೆಯಂತೆ ಕಾಯುತ್ತದೆ, ಬೆಳ್ಳುಳ್ಳಿ ವಾಸನೆ ತಲೆದಿಂಬಿಗೂ ಹತ್ತುತ್ತದೆ ಎಂದೆಲ್ಲ ಹೇಳಿ ಕಳಿಸಿದಳು. ನಾನು ಚೆನ್ನಾಗಿ ಬೈದೆ. ಅಷ್ಟು ಕೆಟ್ಟ ಮನೆಯಾದರೆ ನಿನಗೇಕೆ ಬೇಕು, ನನ್ನ ಜೊತೆ ಬೆರ್ರಿಯೆಸಾಕ್ಕೆ ಬಾ ಎಂದೆ.

ಅವಳು ಮೆಟ್ಟಿಲ ಮೇಲೆ ಕೂತು, “ಅಮ್ಮ, ಐ ನೋ ಇಟ್ಸ್ ಹಾಟ್. ಬಟ್ ಇದು ನನ್ನ ಊರು,” ಎಂದಳು.

ನಮ್ಮ ಮನೆಯಲ್ಲಿ ಊರು ಎಂದರೆ ಮೈಸೂರು ಒಂದೇ. ರಜೆಯಲ್ಲಿ ಊರಿಗೆ ಹೋಗಬೇಕು, ಉಪ್ಪಿನಕಾಯಿ ಊರಿಂದ ಬಂತು ಎಂದೇ ಅವಳನ್ನು ಬೆಳೆಸಿದೆವು. ಆ ಮಾತನ್ನು ಅವಳು ಗಿಲ್‌ರಾಯ್‌ಗೆ ಬಳಸಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ನಾನು ಬೈಯುವುದನ್ನು ನಿಲ್ಲಿಸಿದೆ. ಸೋಮವಾರ ಏಜೆಂಟನಿಗೆ ಫೋನ್ ಮಾಡಿ ಮನೆ ಮಾರುವುದಿಲ್ಲ ಎಂದೆ.

ನೀವು ರಿಟೈರ್ ಆದ ಮೇಲೆ ಊರಿಗೆ ಹೋಗೋಣ ಎಂದಿರಿ, ನಾನು ಬರಲಿಲ್ಲ. ನಿಮಗೆ ಅದು ಹಟವಾಗಿ ಕಂಡಿತು. ನನ್ನಪ್ಪನಿಗೆ ಬ್ಯಾಂಕಿನ ಕೆಲಸ. ಶಿರಾ, ಹರಿಹರ, ಗೌರಿಬಿದನೂರು, ಒಂದು ಕಡೆ ಗೆಳತಿಯರಾಗುವಷ್ಟರಲ್ಲಿ ಗಂಟುಮೂಟೆ ಕಟ್ಟಿರುತ್ತಿದ್ದರು. ನಿಮ್ಮ ಊರಿಗೆ ನಾನು ಬಂದಿದ್ದರೆ ನೀವು ಮನೆ ಸೇರುತ್ತಿದ್ದಿರಿ, ನಾನು ಇನ್ನೊಂದು ವರ್ಗಾವಣೆಯಲ್ಲಿ ಇರುತ್ತಿದ್ದೆ. ಆಗ ಇದನ್ನು ಹೀಗೆ ಹೇಳಲು ನನಗೆ ಬಂದಿರಲಿಲ್ಲ.

ಮೈಸೂರಿನಲ್ಲಿ ಸ್ವಂತಕ್ಕೊಂದು ಫ್ಲ್ಯಾಟ್ ಬೇಕೆಂಬ ನಿಮ್ಮ ಆಸೆ ತಪ್ಪಲ್ಲ. ನಿಮ್ಮ ಪಾಲನ್ನು ನಾನು ಸಾಲ ತೆಗೆದು ಕೊಡುತ್ತೇನೆ, ಬ್ಯಾಂಕಿನವರ ಹತ್ತಿರ ಮಾತಾಡಿದ್ದೇನೆ. ಮಗಳಿಗಾಗಿ ಒಪ್ಪಿಕೊಳ್ಳಿ. ಅವಳ ಕ್ಯಾಲಿಫೋರ್ನಿಯಾ ಲೈಸೆನ್ಸ್ ಬಂದಿದೆ, ಮುಂದಿನ ವಾರ ಕ್ಲಿನಿಕ್ಕಿಗೆ ಸೇರುತ್ತಾಳೆ. ನಿಮಗೆ ತಾನೇ ಹೇಳಬೇಕೆಂದಿದ್ದಾಳೆ, ಅವಳು ಫೋನ್ ಮಾಡಿದಾಗ ಗೊತ್ತಿಲ್ಲದವರಂತೆ ಕೇಳಿ.

ಬಿ.ಪಿ. ಮಾತ್ರೆ ತಪ್ಪಿಸಬೇಡಿ.

ಇಂತಿ,
ಪದ್ಮಜಾ

ತಾ.ಕ.: ಮಗಳಿಗಾಗಿ ಎಂದು ಬರೆದದ್ದು ಅರ್ಧ ನಿಜ. ಬೆರ್ರಿಯೆಸಾದ ಅಪಾರ್ಟ್‌ಮೆಂಟನ್ನು ನಾನು ಹೋದ ತಿಂಗಳೇ ಬಿಟ್ಟುಕೊಟ್ಟೆ. ಈಗ ಬೆಳಿಗ್ಗೆ ಟ್ರೈನು ಹಿಡಿದು ಇಲ್ಲಿಂದಲೇ ರೆಡ್‌ವುಡ್ ಸಿಟಿಯ ಆಫೀಸಿಗೆ ಹೋಗುತ್ತೇನೆ, ದೂರವೇ. ನಾಳೆ ಭಾವನಾ ಯಾರನ್ನೋ ಮೆಚ್ಚಿ ಬೇರೆ ಕಡೆ ಹೊರಟರೂ ನಾನು ಈ ಮನೆ ಬಿಡುವುದಿಲ್ಲ.